‘ಚೆನ್ನಾಗಿದೆ’ ಎಂದವನ ಸುಳ್ಳು

ಟಪ್!

ಓವನ್ನಿನ ಸ್ವಿಚ್ ಒತ್ತಿದ್ದೇ ತಡ, ಅಡುಗೆಮನೆಯ ದೀಪ ಆರಿತು. ಫ್ರಿಜ್ಜಿನ ಗುರುಗುರು ನಿಂತಿತು. ಪಕ್ಕದ ಮನೆಯ ಟಿವಿ ಮಾತಿನ ಮಧ್ಯದಲ್ಲೇ ಬಾಯಿ ಮುಚ್ಚಿತು. ಇಡೀ ಕಟ್ಟಡವೇ ಒಂದು ಕ್ಷಣ ಗಪ್‌ಚಿಪ್...

ಆಮೇಲೆ ಮೆಟ್ಟಿಲ ಕಡೆಯಿಂದ ಒಂದು ಗಂಡುದನಿ ಕೇಳಿಸಿತು.

"ಹಲೋ... ಯಾರಾದ್ರೂ ಇದ್ದೀರಾ? ಲಿಫ್ಟ್ ನಿಂತುಹೋಯ್ತು!"

ಅದರ ಬೆನ್ನಿಗೇ, ಅದಕ್ಕಿಂತ ಜೋರಾಗಿ, ಒಂದು ಬೆಕ್ಕು ಕಿರುಚಿತು.

ಚುಕ್ಕಿ ಹಿಟ್ಟು ಮೆತ್ತಿದ ಕೈಯಲ್ಲೇ ಹೊರಗೋಡಿದಳು. ಹಳೆಯ ಕಾಲದ ಕಂಬಿ ಬಾಗಿಲಿನ ಲಿಫ್ಟು ಅವಳ ಮನೆಗೂ ಮೇಲಿನ ಮನೆಗೂ ನಡುವೆ ನೇತಾಡುತ್ತಿತ್ತು. ಮೊದಲು ಕಂಡದ್ದು ಎರಡು ಬೂಟುಗಳು. ಬೂಟಿನ ಪಕ್ಕ ಒಂದು ಪಂಜರ. ಪಂಜರದೊಳಗೆ ಎರಡು ಹಳದಿ ಕಣ್ಣು.

ಬೂಟಿನ ಯಜಮಾನ ಕುಕ್ಕರಗಾಲಲ್ಲಿ ಕುಳಿತ. ಕಂಬಿಗಳ ಸಂದಿಯಲ್ಲಿ ಕೆದರಿದ ಕೂದಲು, ಗಾಬರಿಯಲ್ಲೂ ನಗುವ ಮುಖ ಕಾಣಿಸಿತು.

"ಕರೆಂಟ್ ಹೋಯ್ತಾ?"

"ಹೋಗಲಿಲ್ಲ... ನಾನೇ ಕಳಿಸಿದೆ. ನನ್ನ ಓವನ್ ಶಾರ್ಟ್ ಆಯ್ತು ಅನ್ಸುತ್ತೆ. ಕ್ಷಮಿಸಿ! ಭಯ ಪಡ್ಬೇಡಿ, ವಾಚ್‌ಮನ್‌ಗೆ ಫೋನ್ ಮಾಡ್ತೀನಿ."

"ನನಗೇನೂ ಭಯ ಇಲ್ಲ. ಇವನಿಗೆ ಹೇಳಿ." ಅವನು ಪಂಜರದ ಕಡೆ ಕೈ ತೋರಿಸಿದ. "ಕಾಲಿಗೆ ಹೊಲಿಗೆ ಹಾಕಿದೀನಿ ಅಂತ ಮೊದಲೇ ನನ್ನ ಮೇಲೆ ಕೋಪ. ಈಗ ಲಿಫ್ಟ್ ನಿಲ್ಲಿಸಿದ್ದೂ ನಾನೇ ಅನ್ಕೊಂಡಿದ್ದಾನೆ. ನಾನು ಪ್ರಾಣಿಗಳ ಡಾಕ್ಟರು. ಮೇಲಿನ ಮನೆಗೆ ಹೊಸದಾಗಿ ಬಂದಿರೋದು..."

ಮಾತು ಅರ್ಧಕ್ಕೇ ನಿಂತಿತು. ಅವನ ಮೂಗು ಅರಳಿತು.

"ಏನೋ ಸೀಯ್ತಾ ಇದೆಯಲ್ಲ?"

"ಎಲ್ಲಿ?"

"ನಿಮ್ಮ ಮನೆ ಕಡೆಯಿಂದಾನೇ! ಹಾಲು ಅನ್ಸುತ್ತೆ. ಇಷ್ಟು ಘಾಟು... ನಿಮಗೆ ಬರ್ತಿಲ್ವಾ?"

ಚುಕ್ಕಿ ಒಳಗೆ ಓಡಿದಳು. ಕಸ್ಟರ್ಡಿಗೆಂದು ಒಲೆಯ ಮೇಲಿಟ್ಟಿದ್ದ ಹಾಲು ಉಕ್ಕಿ, ಸುರಿದು, ತಳದಲ್ಲಿ ಕರಿ ಹಿಡಿದು ಹೊಗೆಯಾಡುತ್ತಿತ್ತು. ಒಲೆ ಆರಿಸಿದಳು. ಆಮೇಲೆ, ಯಾರೂ ನೋಡುತ್ತಿಲ್ಲವೆಂದು ಖಾತ್ರಿ ಮಾಡಿಕೊಂಡು, ಆ ಹೊಗೆಗೇ ಮುಖವೊಡ್ಡಿ ದೀರ್ಘವಾಗಿ ಉಸಿರೆಳೆದಳು.

ಕಣ್ಣು ಉರಿಯಿತು. ಕೆಮ್ಮು ಬಂತು. ವಾಸನೆ ಮಾತ್ರ... ಬರಲಿಲ್ಲ.

‘ದೇವರೇ, ಸೀದ ಹಾಲೂ ಗೊತ್ತಾಗದಷ್ಟು ಸತ್ತುಹೋಗಿದೆಯಾ ನನ್ನ ಮೂಗು?’

ಕರೆಂಟು ಬಂದು ಲಿಫ್ಟು ಇಳಿದಾಗ ಅವನು ಬಾಗಿಲಲ್ಲಿ ಇಣುಕಿದ.

"ಎಲ್ಲಾ ಸರಿ ಹೋಯ್ತಾ? ನಿಮಗೆ ಮೂಗು ಕಟ್ಟಿದೆಯೇನೋ..."

"ಹೌದು," ಎಂದಳು ಅವಳು ನೋಟ ತಪ್ಪಿಸಿ. "ಸ್ವಲ್ಪ ನೆಗಡಿ."

ಅದು ಅವಳು ಅವನಿಗೆ ಹೇಳಿದ ಮೊದಲ ಸುಳ್ಳು.

---

ಚುಕ್ಕಿ ಒಂದು ದೊಡ್ಡ ಹೋಟೆಲಿನ ಸಿಹಿ ವಿಭಾಗದಲ್ಲಿ ಕೆಲಸ ಮಾಡುತ್ತಿದ್ದವಳು. ಅವಳ ಕೈಯಿಂದ ಹೊರಬರುತ್ತಿದ್ದ ಪದರ ಪದರದ ಚಾಕೊಲೇಟ್ ಕಸ್ಟರ್ಡ್‌ಗಾಗಿಯೇ ಜನ ಮೊದಲೇ ಟೇಬಲ್ ಹಿಡಿದಿಡುತ್ತಿದ್ದರು. ಚಳಿಗಾಲದಲ್ಲಿ ಬಂದ ಒಂದು ಜ್ವರ ಬಂದ ಹಾಗೇ ಹೋಯಿತು. ಹೋಗುವಾಗ ವಾಸನೆಯನ್ನೂ ಕಟ್ಟಿಕೊಂಡು ಹೋಯಿತು.

ಸಿಹಿ, ಉಪ್ಪು, ಹುಳಿ, ಕಹಿ ಇಷ್ಟೇ ನಾಲಿಗೆಗೆ ಅರೆಬರೆಯಾಗಿ ಉಳಿದದ್ದು. ಚಾಕೊಲೇಟು ಬಾಯಲ್ಲಿಟ್ಟರೆ ಸಿಹಿ ಜೇಡಿಮಣ್ಣು. ವೆನಿಲಾ ಎಂದರೆ ಬರೀ ನೀರು.

"ಬರುತ್ತೆ, ಇವತ್ತೋ ನಾಳೆಯೋ, ಯಾವಾಗ ಅಂತ ಹೇಳಕ್ಕಾಗಲ್ಲ," ಎಂದಿದ್ದರು ಕಿವಿ-ಮೂಗಿನ ಡಾಕ್ಟರು. "ಯಾವುದು ಮೊದಲು ಬರುತ್ತೆ ಅಂತಾನೂ ಹೇಳಕ್ಕಾಗಲ್ಲ."

ಹೋಟೆಲಿನಲ್ಲಿ ಅವಳು ಇದನ್ನು ಹೇಳಲಿಲ್ಲ. ನಿಶ್ಶಕ್ತಿ ಎಂದು ರಜೆ ಹಾಕಿದಳು. ಮೂಗಿಲ್ಲದ ಬಾಣಸಿಗೆಯನ್ನು ಯಾರು ಇಟ್ಟುಕೊಳ್ಳುತ್ತಾರೆ?

ಮನೆಯಲ್ಲಿ ಸೋದರತ್ತೆಗೂ ಹೇಳಲಿಲ್ಲ. ಅಪ್ಪ ಅಮ್ಮ ಹೋದ ಮೇಲೆ ಅವಳನ್ನು ಸಾಕಿದವರು ಈ ಅತ್ತೆಯೇ. ಮೂಗಿನ ತುದಿಯ ಮಚ್ಚೆ ನೋಡಿ ‘ಚುಕ್ಕಿ’ ಎಂದು ಕರೆದವರೂ ಅವರೇ. ಬಸ್ ನಿಲ್ದಾಣದ ಮೈಕಿನಲ್ಲಿ ಬಸ್ಸುಗಳ ಹೆಸರು ಕೂಗಿ ಕೂಗಿ ನಿವೃತ್ತರಾದ ಹೆಂಗಸು. ಅವರು ಗುಟ್ಟು ಹೇಳಿದರೂ ಮೂರು ಮನೆಗೆ ಕೇಳಿಸುತ್ತದೆ! ಅತ್ತೆಗೆ ಸಕ್ಕರೆ ಕಾಯಿಲೆ ಬೇರೆ. ಚುಕ್ಕಿ ಮಾಡಿದ್ದನ್ನು ದೂರದಿಂದ ನೋಡಿ ನಿಟ್ಟುಸಿರು ಬಿಡುವುದಷ್ಟೇ ಅವರ ಪಾಲಿಗೆ.

ಹೀಗಾಗಿ ಚುಕ್ಕಿಗೆ ಒಂದು ನಾಲಿಗೆ ಬೇಕಿತ್ತು. ಒಂದು ಒಳ್ಳೆಯ ಮೂಗು ಬೇಕಿತ್ತು.

ಅದು ಲಿಫ್ಟಿನಲ್ಲಿ ನೇತಾಡಿಕೊಂಡು ತಾನಾಗಿಯೇ ಬಂದಿತ್ತು.

ಓವನ್ ರಿಪೇರಿಯಾದ ದಿನ ಅವಳು ಕೆಲಸಕ್ಕೆ ಕೂತಳು. ತಳಕ್ಕೆ ತೆಳ್ಳನೆಯ ಚಾಕೊಲೇಟ್ ಕೇಕು. ಅದರ ಮೇಲೆ ಕಸ್ಟರ್ಡು. ಕಸ್ಟರ್ಡು ಗಟ್ಟಿಯಾದ ಮೇಲೆ ಬಿಸಿ ಕ್ರೀಮಿನಲ್ಲಿ ಕರಗಿಸಿದ ಚಾಕೊಲೇಟು. ಮತ್ತೆ ಕೇಕು, ಮತ್ತೆ ಕಸ್ಟರ್ಡು, ಕೊನೆಗೆ ಕನ್ನಡಿಯಂತೆ ಹೊಳೆಯುವ ಕಪ್ಪು ಚಾಕೊಲೇಟು. ಪ್ರತಿ ಪದರವೂ ತಣ್ಣಗಾಗಿ ಕೂರಬೇಕು. ಅವಸರ ಮಾಡಿದರೆ ಎಲ್ಲ ಕಲಸಿ ಕೆಸರು!

ಕಣ್ಣಿಗೆ ಅಳತೆ ಗೊತ್ತಿತ್ತು, ಕೈಗೆ ಹದ ಗೊತ್ತಿತ್ತು. ಸೌಟಿನ ಬೆನ್ನಿಗೆ ಕಸ್ಟರ್ಡು ಅಂಟಿ, ಬೆರಳಲ್ಲಿ ಎಳೆದ ಗೆರೆ ಅಳಿಸದೆ ನಿಂತರೆ ಸಾಕು, ಇಳಿಸಬಹುದು. ಆದರೆ ಮೊಟ್ಟೆಯ ಹಸಿವಾಸನೆ ಹೋಗಿದೆಯಾ? ವೆನಿಲಾ ಸಾಕಾ? ಅದನ್ನು ಯಾವ ಸೌಟೂ ಹೇಳುವುದಿಲ್ಲವಲ್ಲ...

"ಪಾಪ, ಹೊಸಬ. ಬೆಕ್ಕಿನ ಜೊತೆ ನೇತುಹಾಕಿದ್ದೀಯ ಅವನನ್ನ," ಎಂದರು ಅತ್ತೆ. "ಒಂದು ಬಟ್ಟಲು ಕೊಟ್ಟು ಬಾ."

ಅವನು ಬಾಗಿಲಲ್ಲೇ ನಿಂತು ಒಂದು ಚಮಚ ಬಾಯಿಗಿಟ್ಟ. ಚುಕ್ಕಿ ಪರೀಕ್ಷೆಯ ಫಲಿತಾಂಶ ನೋಡುವವಳಂತೆ ಅವನ ಮುಖವನ್ನೇ ನೋಡಿದಳು.

"ಹೇಗಿದೆ?"

ಅವನು ನುಂಗಿದ. ಅವಳ ಕಣ್ಣುಗಳನ್ನು ನೋಡಿದ. ಆ ಕಣ್ಣುಗಳಲ್ಲಿ ಅದೆಷ್ಟು ಆಸೆ!

"ಚೆನ್ನಾಗಿದೆ!"

"ಚೆನ್ನಾಗಿದೆ ಅಂದ್ರೆ? ವೆನಿಲಾ ಮೊದಲು ಬರುತ್ತಾ, ಚಾಕೊಲೇಟ್ ಮೊದಲು ಬರುತ್ತಾ?"

"ಎರಡೂ... ಕೈ ಕೈ ಹಿಡ್ಕೊಂಡು ಬರುತ್ತೆ."

"ಮೊಟ್ಟೆ ವಾಸನೆ?"

"ಛೇ ಛೇ, ಇಲ್ಲವೇ ಇಲ್ಲ!"

"ನಿಜವಾಗ್ಲೂ?"

"ಇಷ್ಟು ಪ್ರಶ್ನೆ ನನ್ನ ಡಾಕ್ಟರ್ ಪರೀಕ್ಷೇಲೂ ಕೇಳಿರ್ಲಿಲ್ಲ ಕಣ್ರೀ!"

ಅವಳು ನಕ್ಕುಬಿಟ್ಟಳು. ಜ್ವರ ಬಿಟ್ಟ ಮೇಲೆ ಅವಳು ಹಾಗೆ ನಕ್ಕದ್ದು ಅದೇ ಮೊದಲು.

---

ಆಮೇಲಿಂದ ಬಟ್ಟಲು ಮೇಲಕ್ಕೆ ಹೋಗುವುದು, ಖಾಲಿಯಾಗಿ ತೊಳೆದು ಕೆಳಕ್ಕೆ ಬರುವುದು ಇಬ್ಬರಿಗೂ ಅಭ್ಯಾಸವಾಯಿತು.

ಅವಳು ಪ್ರತಿ ಸಲ ಏನಾದರೊಂದು ಬದಲಿಸುತ್ತಿದ್ದಳು. ಅವನು ಪ್ರತಿ ಸಲ ಅದೇ ಮಾತು ಹೇಳುತ್ತಿದ್ದ. ಚೆನ್ನಾಗಿದೆ! ತುಂಬಾ ಚೆನ್ನಾಗಿದೆ! ನಿನ್ನೆಗಿಂತ ಚೆನ್ನಾಗಿದೆ!

ಬಟ್ಟಲು ಕೊಡುವ ನೆಪದಲ್ಲಿ ನಿಂತರೆ ಮಾತು ಬೆಳೆಯುತ್ತಿತ್ತು. ಕಾಲುಚೀಲ ನುಂಗಿದ ನಾಯಿಯ ಕಥೆ, ಅವನ ಕನ್ನಡಕ ಕದ್ದ ಗಿಣಿಯ ಕಥೆ, ಅವಳು ಸಕ್ಕರೆ ಬದಲು ಉಪ್ಪು ಹಾಕಿದ ಮೊದಲ ಕೇಕಿನ ಕಥೆ, ಅವಳ ಹೋಟೆಲಿನಲ್ಲಿ ಮೊದಲೇ ಟೇಬಲ್ ಹಿಡಿದಿಡುವ ಜನರ ಕಥೆ. ಮೆಟ್ಟಿಲಲ್ಲಿ ಅವನ ಬೂಟಿನ ಸದ್ದು ಕೇಳಿದರೆ ಚುಕ್ಕಿಯ ಕೈ ತಾನಾಗಿಯೇ ಕೂದಲು ಸರಿ ಮಾಡಿಕೊಳ್ಳುತ್ತಿತ್ತು.

‘ಬರೀ ರುಚಿ ಕೇಳೋಕಷ್ಟೇ ಹೋಗೋದು...’ ಎಂದು ತನಗೆ ತಾನೇ ಹೇಳಿಕೊಳ್ಳುತ್ತಿದ್ದಳು. ರುಚಿ ಕೇಳಲು ಹೋಗುವವರು ಕನ್ನಡಿ ನೋಡಿಕೊಂಡು ಹೋಗುತ್ತಾರೆಯೇ?

ಒಂದು ಸಂಜೆ ಅವನು ಮೇಲೆ ಹೋಗಲಿಲ್ಲ. ಮೆಟ್ಟಿಲಲ್ಲೇ ಕುಳಿತುಬಿಟ್ಟಿದ್ದ. ಮುಂಗೈಯಲ್ಲಿ ಪರಚಿದ ಗೆರೆಗಳು, ಮುಖದಲ್ಲಿ ಹೇಳಲಾಗದ ದಣಿವು. ಚುಕ್ಕಿ ಬಟ್ಟಲು ಹಿಡಿದು ಬಂದವಳು ಏನೂ ಕೇಳದೆ ಪಕ್ಕದಲ್ಲಿ ಕೂತಳು.

"ಒಂದು ಮುದಿ ನಾಯಿ," ಎಂದ ಅವನು. "ಉಳಿಯಲ್ಲ ಅಂತ ಬೆಳಿಗ್ಗೇನೇ ಗೊತ್ತಿತ್ತು. ಅದನ್ನ ಸಾಕಿದ ತಾತ ಕೇಳಿದ್ರು, ‘ಹುಷಾರಾಗುತ್ತಲ್ವಾ ಡಾಕ್ಟ್ರೇ’ ಅಂತ. ನಾನು ‘ಹೂಂ’ ಅಂದೆ. ಸಾಯಂಕಾಲ ಹೋಯ್ತು. ಅವರ ಮುಖ ನೋಡಕ್ಕಾಗಲಿಲ್ಲ ನನಗೆ."

"ನೀವು ಒಳ್ಳೇದಕ್ಕೇ ಹೇಳಿದ್ದಲ್ವಾ..."

"ಅದೇ ನನ್ನ ರೋಗ. ಎದುರಿಗಿರೋರ ಮುಖ ಬಾಡಿದ್ರೆ ತಡ್ಕೊಳೋಕಾಗಲ್ಲ. ಸುಳ್ಳು ತಾನಾಗೇ ಬಾಯಿಗೆ ಬಂದುಬಿಡುತ್ತೆ."

ಚುಕ್ಕಿ ಅವನ ಪರಚಿದ ಕೈಯ ಮೇಲೆ ತನ್ನ ಕೈಯಿಟ್ಟಳು. ಆ ಹೊತ್ತಿಗೆ ಅವಳಿಗೆ ಕೇಳಿಸಿದ್ದು ಅವನ ನೋವು ಮಾತ್ರ. ಆ ಮಾತು ತನಗೂ ಅನ್ವಯಿಸುತ್ತದೆಂದು ಹೊಳೆಯಲೇ ಇಲ್ಲ.

‘ಈಗ ಹೇಳಿಬಿಡಲಾ? ನನ್ನ ಮೂಗಿನ ವಿಷಯ...’

"ಡಾಕ್ಟ್ರೇ, ನಾನೂ ನಿಮಗೊಂದು..."

"ಪ್ರಯಾಣಿಕರ ಗಮನಕ್ಕೆ!" ಒಳಗಿನಿಂದ ಅತ್ತೆಯ ದನಿ ಮೊಳಗಿತು. "ಮೆಟ್ಟಿಲ ಮೇಲೆ ಕೂತಿರೋರಿಬ್ಬರ ಊಟ ಆರಿಹೋಗ್ತಾ ಇದೆ!"

ಇಬ್ಬರೂ ಬೆಚ್ಚಿ ಕೈ ಬಿಟ್ಟರು. ಮಾತು ಅಲ್ಲೇ ಉಳಿಯಿತು.

---

ಹೋಟೆಲಿನಿಂದ ಫೋನು ಬಂತು. ಅಡುಗೆಮನೆಯ ಮುಖ್ಯಸ್ಥೆ, ಎಲ್ಲರೂ ಚೀಫ್ ಎಂದೇ ಕರೆಯುವ ಹಿರಿಯ ಬಾಣಸಿಗೆ. ಮಾತು ಕಮ್ಮಿ, ನೋಟ ಜಾಸ್ತಿ.

"ರಜೆ ಸಾಕು. ದೊಡ್ಡ ಔತಣ ಇದೆ, ನಿನ್ನ ಕಸ್ಟರ್ಡೇ ಬೇಕಂತೆ. ನಾಳೆ ಮನೇಲೇ ಒಂದು ಮಾಡ್ಕೊಂಡು ಬಾ. ಕೈ ತಪ್ಪಿಲ್ಲ ಅಂತ ಗೊತ್ತಾದ್ರೆ ಆ ದಿನದ ಸಿಹಿ ನಿನ್ನದು."

ಚುಕ್ಕಿ ಮಾರನೆಯ ದಿನ ನಸುಕಿನಲ್ಲೇ ಎದ್ದಳು. ಕಸ್ಟರ್ಡು ಕಲಕುವಾಗ ಒಂದೇ ಒಂದು ಕ್ಷಣ ಫ್ರಿಜ್ಜಿನ ಕಡೆ ತಿರುಗಿದಳು, ಅಷ್ಟೇ. ತಿರುಗಿ ನೋಡಿದರೆ ಮೇಲೆಲ್ಲ ನಯವಾಗಿ, ಹಳದಿಯಾಗಿ, ರೇಷ್ಮೆಯಂತಿತ್ತು. ಜರಡಿ ಹಿಡಿದು ಸುರಿದಳು.

ಡಾಕ್ಟರು ಕೆಲಸಕ್ಕೆ ಹೊರಟಾಗ, ಮಿಕ್ಕ ಕಸ್ಟರ್ಡನ್ನು ಬಟ್ಟಲಲ್ಲಿ ಹಿಡಿದು ಬಾಗಿಲಲ್ಲೇ ತಡೆದಳು. ಇದು ಪರೀಕ್ಷೆಗೆಂದು ಹೇಳಲಿಲ್ಲ. ಹೇಳಿದರೆ ಯಾಕಿಷ್ಟು ಭಯ ಎಂದು ಕೇಳುತ್ತಾನಲ್ಲ!

"ಒಂದೇ ಚಮಚ. ಪ್ಲೀಸ್..."

ಅವನ ಚಮಚ ಬಾಯಲ್ಲೇ ಒಂದು ಗಳಿಗೆ ನಿಂತಿತು. ನಿದ್ದೆಗೆಟ್ಟು ಕೆಂಪಾದ ಅವಳ ಕಣ್ಣು ನೋಡಿದ. ಬಟ್ಟಲನ್ನು ಬಿಗಿಹಿಡಿದ ಬೆರಳು ನೋಡಿದ.

"ಅದ್ಭುತ!" ಎಂದ.

ಚುಕ್ಕಿಗೆ ನೆಲದ ಮೇಲೆ ಕಾಲು ನಿಲ್ಲಲಿಲ್ಲ.

ಹೋಟೆಲಿನ ಅಡುಗೆಮನೆಯಲ್ಲಿ ಎಲ್ಲರೂ ಸುತ್ತ ನೆರೆದರು. ಚೀಫ್ ಚಾಕು ಇಳಿಸಿದರು. ಕಪ್ಪು, ಹಳದಿ, ಕಪ್ಪು, ಹಳದಿ... ಪದರಗಳು ಗೆರೆ ಕೊರೆದಂತೆ ನಿಂತಿದ್ದವು. "ವಾಹ್!" ಎಂದರು ಯಾರೋ.

ಚೀಫ್ ಒಂದು ತುಂಡು ಬಾಯಿಗಿಟ್ಟರು. ಚಮಚವನ್ನು ಮೆಲ್ಲಗೆ ಕೆಳಗಿಟ್ಟರು.

"ಹಾಲು ತಳ ಹಿಡಿದಿದೆ."

"ಕಸ್ಟರ್ಡೆಲ್ಲಾ ಸೀದ ವಾಸನೆ. ಇದನ್ನ ನೀನು ರುಚಿ ನೋಡಿದ್ಯಾ?"

"ನೋ... ನೋಡ್ದೆ ಚೀಫ್."

"ನೋಡಿಯೂ ತಂದ್ಯಾ?" ಚೀಫ್ ಅವಳನ್ನೇ ದಿಟ್ಟಿಸಿದರು. ಆ ದನಿಯಲ್ಲಿ ಕೋಪಕ್ಕಿಂತ ಹೆಚ್ಚಾಗಿ ಬೇಸರವಿತ್ತು. ಅದೇ ಹೆಚ್ಚು ಚುಚ್ಚಿತು.

---

"ನೀವು ಸುಳ್ಳು ಹೇಳಿದ್ರಿ!"

ಮಧ್ಯಾಹ್ನ ಊಟಕ್ಕೆಂದು ಮೆಟ್ಟಿಲು ಹತ್ತುತ್ತಿದ್ದ ಅವನಿಗೆ ಅಡ್ಡ ನಿಂತಿದ್ದಳು ಚುಕ್ಕಿ.

"ಏನು... ಏನಾಯ್ತು?"

"ಹಾಲು ಸೀದಿತ್ತು! ನಿಮಗೆ ಗೊತ್ತಿತ್ತು, ಅಲ್ವಾ? ಲಿಫ್ಟಲ್ಲಿ ಕೂತು ನಮ್ಮನೆ ಒಲೆ ಮೇಲಿನ ಹಾಲಿನ ವಾಸನೆ ಹಿಡಿದ ಮೂಗು ನಿಮ್ಮದು. ಬಾಯಲ್ಲಿಟ್ಟಾಗ ಗೊತ್ತಾಗ್ಲಿಲ್ವಾ?"

ಅವನು ತಲೆ ತಗ್ಗಿಸಿದ. "ಗೊತ್ತಾಯ್ತು. ನೀವು ಅಷ್ಟು ಕಷ್ಟಪಟ್ಟು ಮಾಡಿದ್ರಿ... ಮನಸ್ಸು ನೋಯಿಸಬಾರ್ದು ಅಂತ..."

"ನೋಯಿಸಬಾರ್ದು ಅಂತಾ?" ಅವಳ ದನಿ ಒಡೆಯಿತು. "ಹೋಟೆಲಲ್ಲಿ ಎಲ್ಲರೆದುರು ನನ್ನ ಮಾನ ಹೋಯ್ತು! ಇಷ್ಟು ದಿನ ಹೇಳಿದ್ದೆಲ್ಲಾ ಸುಳ್ಳೇನಾ?"

"ನೀವೇ ತಿಂದು ನೋಡಿದ್ರೆ ಗೊತ್ತಾಗ್ತಿತ್ತಲ್ವಾ, ನಾನೇನು..."

"ನನಗೆ ಗೊತ್ತಾಗಲ್ಲ!" ಅವಳು ಕಿರುಚಿದಳು. "ವಾಸನೆ ಬರಲ್ಲ ನನಗೆ! ಜ್ವರ ಬಂದಾಗಿಂದ ಏನೂ ಬರಲ್ಲ! ಅದಕ್ಕೇ ದಿನಾ ನಿಮ್ಮ ಬಾಗಿಲಿಗೆ ಬಂದಿದ್ದು!"

ಅವನ ಮುಖದಲ್ಲಿ ಮೊದಲು ಗಾಬರಿ ಬಂತು, ಆಮೇಲೆ ಮರುಕ. ಆಮೇಲೆ ಇನ್ನೇನೋ... ಮೆಲ್ಲಗೆ ಆರಿಹೋಗುವ ದೀಪದ ಹಾಗೆ.

"ಅಂದ್ರೆ... ನೀವು ಬರ್ತಿದ್ದಿದ್ದು ಬರೀ ರುಚಿ ನೋಡಿಸೋಕಾ? ಅಷ್ಟೇನಾ?"

‘ಅಲ್ಲ! ಅಷ್ಟೇ ಅಲ್ಲ!’ ಎದೆಯೊಳಗೆ ಯಾರೋ ಕೂಗಿದರು. ಆದರೆ ನೊಂದ ಬಾಯಿ ಎದೆಯ ಮಾತು ಕೇಳುತ್ತದೆಯೇ?

"ಅಷ್ಟೇ!" ಎಂದುಬಿಟ್ಟಳು.

ಅವನು ಗೋಡೆಗೊತ್ತಿ ಅವಳಿಗೆ ದಾರಿ ಬಿಟ್ಟ.

---

ಆಮೇಲೆ ಅವನ ಬೂಟಿನ ಸದ್ದು ಅವರ ಬಾಗಿಲ ಮುಂದೆ ನಿಧಾನವಾಗುವುದು ನಿಂತಿತು. ಚುಕ್ಕಿಯ ಓವನ್ನೂ ತಣ್ಣಗೆ ಕೂತಿತು.

ಅತ್ತೆ ಕೆಲವು ದಿನ ಸುಮ್ಮನಿದ್ದರು. ಅವರ ಮಟ್ಟಿಗೆ ಅದೊಂದು ತಪಸ್ಸು! ಒಂದು ಬೆಳಿಗ್ಗೆ ತಡೆಯಲಾಗಲಿಲ್ಲ. ಚುಕ್ಕಿಯ ಎದುರು ಕುರ್ಚಿ ಎಳೆದು ಕೂತರು.

"ಮೂಗು ಹೋಗಿದೆ ಅಂತ ನನಗ್ಯಾಕೆ ಹೇಳಲಿಲ್ಲ?"

ಚುಕ್ಕಿ ತಬ್ಬಿಬ್ಬಾದಳು. "ನಿಮಗೆ... ಹೇಗೆ..."

"ನೀವಿಬ್ಬರು ಮೆಟ್ಟಿಲಲ್ಲಿ ಕೂಗಾಡಿದ್ದು ಇಡೀ ಬಿಲ್ಡಿಂಗಿಗೆ ಕೇಳಿಸಿದೆ. ಅದೂ ಅಲ್ದೆ, ನನಗೆ ಮೊದಲೇ ಅನುಮಾನ ಇತ್ತು. ಹಳಸಿದ ಹಾಲನ್ನ ಕಾಫಿಗೆ ಹಾಕ್ಕೊಂಡು ಸುಮ್ನೆ ಕುಡಿದೆಯಲ್ಲ ಅವತ್ತು! ನೀನಾಗೇ ಹೇಳ್ತೀಯ ಅಂತ ಕಾದೆ."

"ಹೇಳಿದ್ರೆ ನೀವು ಸಂಕಟ ಪಡ್ತೀರ ಅಂತ ಅತ್ತೆ..."

"ನೋಡು! ಅವನೂ ಇದೇ ಮಾತು ಹೇಳಿದ್ದು, ಅವನ ಮೇಲೆ ಹರಿಹಾಯ್ದೆ." ಅತ್ತೆ ಅವಳ ಗಲ್ಲ ಹಿಡಿದೆತ್ತಿದರು. "ಚುಕ್ಕಿ, ನೀನು ಒಂದು ಸುಳ್ಳು ಇಟ್ಟೆ, ಅದರ ಮೇಲೆ ಅವನೊಂದು ಇಟ್ಟ, ಮತ್ತೆ ನೀನು, ಮತ್ತೆ ಅವನು. ನಿನ್ನ ಕಸ್ಟರ್ಡಿನ ಹಾಗೆ ಪದರ ಪದರ! ಈಗ ಕುಸಿದುಬಿತ್ತು ಅಂತ ಅಳ್ತಾ ಕೂತಿದ್ದೀಯ."

ಚುಕ್ಕಿ ಅತ್ತೆಯ ಮಡಿಲಲ್ಲಿ ಮುಖವಿಟ್ಟು ಮನಸೋ ಇಚ್ಛೆ ಅತ್ತಳು. ಎಷ್ಟು ದಿನಗಳಿಂದ ಕಟ್ಟಿಕೊಂಡಿದ್ದ ಅಳು ಅದು! ಅತ್ತು ಮುಗಿದಾಗ ಎದೆ ಅರ್ಧ ಹಗುರಾಗಿತ್ತು.

ಉಳಿದರ್ಧಕ್ಕೆ ಅವಳು ನೇರವಾಗಿ ಹೋಟೆಲಿಗೆ ಹೋದಳು.

ಚೀಫ್ ತರಕಾರಿ ಬುಟ್ಟಿಗಳ ಮುಂದೆ ನಿಂತಿದ್ದರು. ಚುಕ್ಕಿ ನಿಂತ ನಿಲುವಿನಲ್ಲೇ ಎಲ್ಲ ಹೇಳಿಬಿಟ್ಟಳು. ಜ್ವರ, ಮೂಗು, ಭಯ, ಸುಳ್ಳು... ಹೇಳಿ, ಕೆಲಸ ಹೋಯಿತೆಂದೇ ತಿಳಿದು ಕಣ್ಣು ಮುಚ್ಚಿಕೊಂಡಳು.

"ಇಷ್ಟೇನಾ?" ಎಂದರು ಚೀಫ್.

ಅವಳು ಕಣ್ಣು ಬಿಟ್ಟಳು.

"ಸೀದದ್ದನ್ನ ತಿಳಿದೂ ತಿಳಿದೂ ನನ್ನ ಮುಂದೆ ಇಟ್ಟೆ ಅಂತ ನನಗೆ ನೋವಾಗಿತ್ತು. ವಾಸನೆ ಬರಲ್ಲ ಅಂದ್ರೆ ಅದು ಕಾಯಿಲೆ, ತಪ್ಪಲ್ಲ. ಮೊದಲೇ ಹೇಳೋಕೇನಾಗಿತ್ತು ದಡ್ಡಿ?" ಅವರು ಅಡುಗೆಮನೆಯತ್ತ ಕೈ ಬೀಸಿದರು. "ನಿನ್ನ ಕೈ ಇದೆ, ಕಣ್ಣಿದೆ. ಇಲ್ಲಿ ಇಷ್ಟೊಂದು ಮೂಗಿವೆ. ಅರ್ಧಕ್ಕರ್ಧ ಬೇರೆಯವರ ವಿಷಯದಲ್ಲೇ ತೂರ್ಕೊಂಡಿರುತ್ವೆ. ಸ್ವಲ್ಪ ಕೆಲಸಕ್ಕೂ ಬರಲಿ ಬಿಡು! ಔತಣದ ಸಿಹಿ ನಿನ್ನದೇ."

ಅಡುಗೆಮನೆಯಲ್ಲಿ ನಗೆ ಎದ್ದಿತು. ಚುಕ್ಕಿಯೂ ನಕ್ಕಳು, ಕಣ್ಣೀರು ಒರೆಸಿಕೊಳ್ಳುತ್ತಲೇ ನಕ್ಕಳು. ಕಾಲಿಗೆ ಕಟ್ಟಿದ್ದ ಗುಂಡುಕಲ್ಲನ್ನು ಯಾರೋ ಬಿಚ್ಚಿದ ಹಾಗಿತ್ತು.

ಮನೆಗೆ ಮರಳುವ ದಾರಿಯುದ್ದಕ್ಕೂ ಅವಳ ಮನಸ್ಸು ಒಂದೇ ಮಾತು ಹೇಳುತ್ತಿತ್ತು. ‘ಇನ್ನೊಬ್ಬರಿಗೆ ನಿಜ ಹೇಳೋದು ಬಾಕಿ ಇದೆ...’

---

ಭಾನುವಾರ ಮಧ್ಯಾಹ್ನ ಅವಳು ಧೈರ್ಯ ಮಾಡಿ ಬಾಗಿಲು ತೆರೆದಳು. ತೆರೆದರೆ, ಕರೆಗಂಟೆಗೆ ಬೆರಳೆತ್ತಿ ನಿಂತಿದ್ದಾನೆ ಅವನು!

"ನಾನೇ ಬರ್ತಿದ್ದೆ..." ಇಬ್ಬರೂ ಒಟ್ಟಿಗೇ ಹೇಳಿದರು. ಇಬ್ಬರೂ ಒಟ್ಟಿಗೇ ನಿಂತರು.

"ನಾನು ಮೊದಲು ಹೇಳಿಬಿಡ್ತೀನಿ," ಎಂದ ಅವನು. "ಇಲ್ಲಾಂದ್ರೆ ಧೈರ್ಯ ಹೋಗುತ್ತೆ. ನಾನು ಹೇಳಿದ ಸುಳ್ಳುಗಳನ್ನೆಲ್ಲಾ ವಾಪಸ್ ತಗೋತೀನಿ. ಮೊದಲ ದಿನ ವೆನಿಲಾ ಇರಲೇ ಇಲ್ಲ, ಬರೀ ಮೊಟ್ಟೆ ವಾಸನೆ. ಆಮೇಲೊಂದಿನ ವೆನಿಲಾ ಎಷ್ಟಾಗಿತ್ತಂದ್ರೆ ಸೋಪು ತಿಂದ ಹಾಗಾಯ್ತು. ಒಂದಿನ ಫ್ರಿಜ್ಜಲ್ಲಿದ್ದ ಈರುಳ್ಳಿ ವಾಸನೆ ಪೂರ್ತಿ ಕಸ್ಟರ್ಡಿಗೆ ಹತ್ತಿತ್ತು..."

"ಈರುಳ್ಳೀನಾ!" ಚುಕ್ಕಿ ಬಾಯಿಗೆ ಕೈ ಅಡ್ಡ ಹಿಡಿದಳು. "ಅದನ್ನೂ ಖಾಲಿ ಮಾಡಿದ್ರಾ?"

"ಮಾಡ್ದೆ."

"ಯಾಕೆ?"

"ಬಟ್ಟಲು ಖಾಲಿಯಾದ್ರೇ ತಾನೇ ನೀವು ಮತ್ತೆ ತುಂಬ್ಕೊಂಡು ಬರೋದು..."

ಇಂಥ ಮನುಷ್ಯನಿಗೆ ತಾನು ‘ಅಷ್ಟೇ’ ಎಂದಿದ್ದೆನಲ್ಲ!

"ನಾನೂ ಒಂದು ಸುಳ್ಳು ವಾಪಸ್ ತಗೋಬೇಕು. ಅವತ್ತು ‘ಅಷ್ಟೇ’ ಅಂದೆನಲ್ಲ... ಅದು." ಅವಳು ಅವನ ಅಂಗಿಯ ಗುಂಡಿಯನ್ನೇ ನೋಡುತ್ತ ಹೇಳಿದಳು. "ಮೊದಮೊದಲು ರುಚಿಗೇ ಬಂದಿದ್ದು, ನಿಜ. ಆಮೇಲೆ... ಆಮೇಲೆ ರುಚಿ ಬರೀ ನೆಪ ಆಗಿತ್ತು."

ಅವನ ಮುಖ ಹೇಗೆ ಅರಳಿತು ಎಂದು ಹೇಳುವುದು ಕಷ್ಟ. ಅತ್ತೆಯೇ ಹೇಳಬೇಕು. ಅವರು ಪರದೆಯ ಸಂದಿಯಿಂದ ನೋಡುತ್ತಿದ್ದರು. ನೋಡಿ, ಜೀವಮಾನದಲ್ಲೇ ಮೊದಲ ಸಲ ಸದ್ದಿಲ್ಲದೆ ಚಪ್ಪಲಿ ಮೆಟ್ಟಿ ಪಕ್ಕದ ಮನೆಗೆ ಹೊರಟುಹೋದರು.

"ಹೋಟೆಲಲ್ಲಿ ಒಂದು ದೊಡ್ಡ ಔತಣ ಇದೆ, ಅದಕ್ಕೆ ಮುಂಚೆ ಒಂದ್ಸಲ ಮನೇಲಿ ಮಾಡಿ ನೋಡ್ಬೇಕು," ಎಂದಳು ಚುಕ್ಕಿ. "ಬರ್ತೀರಾ? ನಿಜ ಹೇಳೋ ಹಾಗಿದ್ರೆ ಮಾತ್ರ."

ಅವನು ಅಂಗಿಯ ತೋಳು ಮೇಲಕ್ಕೆ ಮಡಿಸಿದ.

ಅವಳು ಹಾಲು ಕಾಯಿಸಿದಳು, ಅವನು ಪಾತ್ರೆಯ ಮೇಲೆ ಮೂಗಿಟ್ಟು ಕಾವಲು ನಿಂತ. ಕಸ್ಟರ್ಡು ಸೌಟಿಗೆ ಹತ್ತುವ ಹದಕ್ಕೆ ಬಂದಾಗ ಅವನು ರುಚಿ ನೋಡಿದ. ಹುಬ್ಬು ಗಂಟಿಕ್ಕಿತು. ಬಾಯಿ ತೆರೆದ, ಮುಚ್ಚಿದ. ಬೆವರಿದ.

"ಹೇಳಿ."

"ಇದು... ಚೆನ್ನಾಗಿಲ್ಲ."

ಚುಕ್ಕಿಯ ಕಣ್ಣಿಂದ ಪಟಪಟನೆ ನೀರು ಉದುರಿತು.

"ಅಯ್ಯೋ! ಅಳ್ಬೇಡಿ! ಅಷ್ಟೇನೂ ಇಲ್ಲ, ಒಂಥರಾ ಚೆನ್ನಾಗೇ..."

"ಸುಮ್ನಿರಿ! ಈಗ ಮಾತು ಬದಲಾಯಿಸಿದ್ರೆ ಸೌಟಲ್ಲೇ ಹೊಡೀತೀನಿ!" ಅವಳು ಅಳುತ್ತಲೇ ನಗುತ್ತಿದ್ದಳು. "ರುಚಿ ನೋಡಿ ನೀವು ಹೇಳಿದ ಮೊದಲ ನಿಜ ಕಣ್ರೀ ಇದು. ಖುಷಿಗೆ ಅಳ್ತಿದೀನಿ. ಏನು ಕಮ್ಮಿಯಾಗಿದೆ, ಅದನ್ನ ಹೇಳಿ."

"ಮೊಟ್ಟೆ ಇನ್ನೂ ಹಸಿ ಹಸಿ. ಸ್ವಲ್ಪ ಬೇಯಬೇಕು. ವೆನಿಲಾ ಇನ್ನೊಂದು ಚೂರು."

ಮೊಟ್ಟೆ ಬೆಂದಿತು. ವೆನಿಲಾ ಬಿದ್ದಿತು. ಪದರದ ಮೇಲೆ ಪದರ ಕೂತಿತು. ಒಂದೊಂದು ಪದರ ತಣ್ಣಗಾಗುವಷ್ಟು ಹೊತ್ತೂ ಇಬ್ಬರೂ ಅಡುಗೆಮನೆಯ ನೆಲದಲ್ಲಿ ಗೋಡೆಗೊರಗಿ ಮಾತಾಡಿದರು. ಕೊನೆಯ ಚಾಕೊಲೇಟು ಹೊಳೆದು ನಿಂತ ಮೇಲೆ ಅವಳು ಒಂದು ತುಂಡು ಕತ್ತರಿಸಿ ಅವನ ಕೈಗಿಟ್ಟಳು.

ಅವನು ಕಣ್ಣು ಮುಚ್ಚಿ ತಿಂದ. ಎಷ್ಟು ಹೊತ್ತಾದರೂ ಬಾಯಿ ಬಿಡಲಿಲ್ಲ.

"ಕೆಟ್ಟದಾಗಿದ್ಯಾ?" ಅವಳ ದನಿ ಸಣ್ಣಗಾಯಿತು.

"ಮೊದಲು ಚಾಕೊಲೇಟ್ ಬರುತ್ತೆ. ಸ್ವಲ್ಪ ಕಹಿ. ಅದು ಹೋಗ್ತಾ ಹೋಗ್ತಾ ಹಾಲು, ಆಮೇಲೆ ವೆನಿಲಾ. ಅದು ಎಲ್ಲಾ ಮುಗಿದ್ಮೇಲೂ ಇರುತ್ತೆ." ಅವನು ಕಣ್ಣು ತೆರೆದ. "ಈಗ ಗೊತ್ತಾಯ್ತು ಜನ ಯಾಕೆ ಟೇಬಲ್ ಹಿಡಿದಿಡ್ತಾರೆ ಅಂತ. ಒಂದು ಚೂರೂ ಸುಳ್ಳಿಲ್ಲ."

ಚುಕ್ಕಿಗೆ ಇನ್ನು ತಡೆಯಲಾಗಲಿಲ್ಲ. ಅವನ ಹೆಗಲಿಗೆ ಮುಖ ಒತ್ತಿದಳು. ಅವನ ಕೈ ಅಂಜುತ್ತ ಅವಳ ಬೆನ್ನ ಮೇಲೆ ಬಂದು ಕೂತಿತು.

"ನನಗೆ ನೀವಂದ್ರೆ ತುಂಬಾ ಇಷ್ಟ," ಎಂದ ಅವನು ಮೆಲ್ಲಗೆ. "ಇದೂ ನಿಜ."

ಇದ್ದಕ್ಕಿದ್ದಂತೆ ಅವಳ ಮೈ ಸೆಟೆದುಕೊಂಡಿತು. ಅವನ ಅಂಗಿಗೆ ಮೂಗೊತ್ತಿ ಒಮ್ಮೆ ಉಸಿರೆಳೆದಳು. ಮತ್ತೊಮ್ಮೆ ಎಳೆದಳು.

"ನಾಯಿ!" ಎಂದಳು.

"ಆಂ? ಎಲ್ಲಿ?"

"ಇಲ್ಲಿ! ನಿಮ್ಮ ಅಂಗೀಲಿ! ಒದ್ದೆ ನಾಯಿ ವಾಸನೆ!"

"ಅಯ್ಯೋ ಸಾರಿ, ಬೆಳಿಗ್ಗೆ ಒಂದು ದೊಡ್ಡ ನಾಯಿ ನೆನೆದು ಬಂದಿತ್ತು, ಅಂಗಿ ಬದಲಾಯಿಸೋದೇ ಮರೆತೆ..." ಅವನು ಥಟ್ಟನೆ ಮಾತು ನಿಲ್ಲಿಸಿದ. "ಏನಂದ್ರಿ?"

ಇಬ್ಬರೂ ಒಬ್ಬರನ್ನೊಬ್ಬರು ನೋಡಿದರು.

"ಬರ್ತಾ ಇದೆ..." ಎಂದಳು. "ಸಣ್ಣಗೆ... ಎಲ್ಲೋ ದೂರದಲ್ಲಿದ್ದ ಹಾಗೆ. ಆದ್ರೆ ಬರ್ತಾ ಇದೆ!"

ಅವನು ಓಡಿಹೋಗಿ ಚಾಕೊಲೇಟು ತಂದು ಮೂಗಿಗೆ ಹಿಡಿದ. ಇಲ್ಲ. ವೆನಿಲಾ ಶೀಶೆ ಹಿಡಿದ. ಏನೂ ಇಲ್ಲ. ಮತ್ತೆ ಅವನ ತೋಳು. ಇದೆ! ನಾಯಿ ಇದೆ!

"ಇಷ್ಟು ದಿನ ಕಾದಿದ್ದಕ್ಕೆ ಮೊದಲು ಸಿಕ್ಕಿದ್ದು ಇದಾ!" ಎಂದು ಅವಳು ನಗತೊಡಗಿದಳು. ಬಿದ್ದು ಬಿದ್ದು ನಕ್ಕಳು. ಅವನೂ ನಕ್ಕ. ಕೊನೆಗೆ ನಗು ಯಾವುದು, ಅಳು ಯಾವುದು ಇಬ್ಬರಿಗೂ ತಿಳಿಯಲಿಲ್ಲ.

ನಗು ನಿಂತ ಮೇಲೆ ಅವನ ಮುಖದಲ್ಲಿ ಒಂದು ಸಣ್ಣ ಅಳುಕು ಇಣುಕಿತು.

"ಮೂಗು ಪೂರ್ತಿ ಸರಿಹೋದ್ಮೇಲೆ... ನನಗೆ ಇಲ್ಲಿ ಕೆಲಸ ಇರುತ್ತಾ?"

"ರುಚಿ ನೋಡೋ ಕೆಲಸ ಇರಲ್ಲ," ಎಂದಳು ಚುಕ್ಕಿ.

ಅವನು ತಲೆಯಾಡಿಸಿದ. ಅವಳು ಅವನ ಕೈಯನ್ನು ತನ್ನೆರಡೂ ಕೈಗಳಲ್ಲಿ ಹಿಡಿದುಕೊಂಡಳು.

"ಪಾತ್ರೆ ತೊಳೆಯೋ ಕೆಲಸ ಖಾಲಿ ಇದೆ. ಆದ್ರೆ ಒಂದ್ಸಲ ಸೇರ್ಕೊಂಡ್ರೆ ಬಿಡೋ ಹಾಗಿಲ್ಲ... ಜೀವನಪೂರ್ತಿ."

"ಯಾವಾಗಿಂದ ಬರ್ಲಿ?"

"ಬಂದಾಯ್ತಲ್ಲ..." ಅವಳು ಅವನ ಕಣ್ಣುಗಳನ್ನೇ ನೋಡಿದಳು. ಮೊದಲ ಬಾರಿಗೆ ಬಹುವಚನ ಬಿಟ್ಟಳು. "ಈಗ ನಿಜ ಹೇಳು. ಖುಷಿನಾ?"

"ನಿಜ ಹೇಳ್ತೀನಿ," ಎಂದ ಅವನು, ಅವಳ ಹಣೆಗೆ ಹಣೆ ತಾಗಿಸಿ. "ಹೇಳೋಕಾಗದಷ್ಟು."